ಕಾರಿಗೂ ಬೇಕು ಸೋಸುವ ಅರಿವೆ
ಡೀಸೆಲ್ ಫಿಲ್ಟರನ್ನು ಮನೆಯಂಗಳದಲ್ಲೇ ಬದಲಿಸುವ ಬಗೆ

ಹಾಲನ್ನು ಸೋಸದೆ ಒಲೆಗೇರಿಸುವ ಗೃಹಿಣಿ ಉಂಟೇ? ನಲ್ಲಿಯ ಬಾಯಿಗೆ ಬಿಳಿ ಬಟ್ಟೆ ಕಟ್ಟುತ್ತೇವೆ, ಚಹಾ ಸೋಸುತ್ತೇವೆ, ಹಿಟ್ಟು ಜರಡಿ ಹಿಡಿಯುತ್ತೇವೆ, ಗಾಣದ ಶೇಂಗಾ ಎಣ್ಣೆ ತಂದರೆ ತಳದ ಗಸಿ ಬಿಟ್ಟು ಮೇಲಿನದನ್ನಷ್ಟೇ ಬಗ್ಗಿಸಿಕೊಳ್ಳುತ್ತೇವೆ. ಆದರೆ ಅದೇ ಮನೆಯ ಮುಂದೆ ನಿಂತ ಡೀಸೆಲ್ ಗಾಡಿಯೂ ಕುಡಿಯುವ ಮುಂಚೆ ಸೋಸಿಯೇ ಕುಡಿಯುತ್ತದೆ, ಆ ಸೋಸುವ ಅರಿವೆ ಕಟ್ಟಿಕೊಂಡರೆ ಗಾಡಿ ನಡುದಾರಿಯಲ್ಲಿ ನಿಲ್ಲುತ್ತದೆ ಎಂಬುದು ನಮ್ಮಲ್ಲಿ ಎಷ್ಟು ಮಂದಿಗೆ ಗೊತ್ತು?

"ಅದೆಲ್ಲ ಗಂಡಸರ ಕೆಲಸ ಬಿಡ್ರೀ" ಎಂದು ಪುಟ ಮಗುಚಬೇಡಿ. ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ - ಈ ಐದು ತಾಲ್ಲೂಕುಗಳ ಮನೆಗಳಲ್ಲಿ ಡೀಸೆಲ್ ಗಾಡಿ ಶೋಕಿಯ ವಸ್ತುವಲ್ಲ. ಒಂದು ಮನೆಯಲ್ಲಿ ಅದು ಬಾಡಿಗೆಗೆ ಓಡಿ ಅನ್ನ ಕೊಡುವ ಬೊಲೆರೊ. ಇನ್ನೊಂದರಲ್ಲಿ ಮಗ ಬೆಂಗಳೂರಿನಿಂದ ತಂದು ಬಿಟ್ಟುಹೋದ ಹಳೆಯ ಸ್ವಿಫ್ಟ್. ಮತ್ತೊಂದರಲ್ಲಿ ಹೊಲಕ್ಕೂ ಸಂತೆಗೂ ಜಾತ್ರೆಗೂ ಒಂದೇ ಆದ ಜೀಪು. ಹರಪನಹಳ್ಳಿ 1997ರಲ್ಲಿ ದಾವಣಗೆರೆ ಜಿಲ್ಲೆಗೆ ಹೋಯಿತು, 2018ರಲ್ಲಿ ಬಳ್ಳಾರಿಗೆ ಮರಳಿತು, 2021ರಲ್ಲಿ ಉಳಿದ ನಾಲ್ಕು ತಾಲ್ಲೂಕುಗಳ ಜೊತೆ ಹೊಸ ವಿಜಯನಗರ ಜಿಲ್ಲೆ ಸೇರಿತು. ಜಿಲ್ಲೆ ಬದಲಾದರೂ ದೊಡ್ಡಾಸ್ಪತ್ರೆಯ ದಾರಿ ಮಾತ್ರ ಗಿಡ್ಡದಾಗಲಿಲ್ಲ. ಬಳ್ಳಾರಿಗೋ ದಾವಣಗೆರೆಗೋ ಹುಬ್ಬಳ್ಳಿಗೋ ಇವತ್ತಿಗೂ ದೂರ ಹೋಗಬೇಕು. ರಾತ್ರಿ ಹನ್ನೊಂದಕ್ಕೆ ಸೊಸೆಗೆ ಹೆರಿಗೆ ನೋವು ಬಂತೆನ್ನಿ, ಗಾಡಿ ನಾಲ್ಕು ಹೆಜ್ಜೆ ಹೋಗಿ ಕೆಮ್ಮಿ ನಿಂತಿತೆನ್ನಿ. ಆಗ 108ಕ್ಕೆ ಫೋನ್ ಮಾಡಿ ಕಾಯುವುದೊಂದೇ ದಾರಿ. ಹಾಗಾಗದಂತೆ ನೋಡಿಕೊಳ್ಳುವುದು ಬೇಳೆ ಮುಗಿಯುವ ಮೊದಲೇ ತರಿಸಿಡುವಷ್ಟೇ ನಮ್ಮ ಕೆಲಸ.

ಇನ್ನೊಂದು ಮಾತು. ಮೋಟಾರು ಗಾಡಿಯ ಚರಿತ್ರೆಯಲ್ಲಿ ಇಂಧನದ ಕೊಳವೆ ಕಟ್ಟಿಕೊಂಡಾಗ ದಾರಿಯಲ್ಲೇ ಅದನ್ನು ಬಿಡಿಸಿದ ಮೊದಲಿಗರಲ್ಲಿ ಒಬ್ಬರು ಹೆಣ್ಣುಮಗಳು! 1888ರ ಆಗಸ್ಟಿನಲ್ಲಿ ಜರ್ಮನಿಯ ಬರ್ತಾ ಬೆಂಜ್ ಎಂಬಾಕೆ ಗಂಡನಿಗೆ ಹೇಳದೆ, ಆತನೇ ತಯಾರಿಸಿದ ಮೂರು ಗಾಲಿಯ ಗಾಡಿಯಲ್ಲಿ ಇಬ್ಬರು ಗಂಡುಮಕ್ಕಳನ್ನು ಕೂರಿಸಿಕೊಂಡು ಮ್ಯಾನ್‌ಹೈಮಿನಿಂದ ಫೋರ್ಟ್ಸ್‌ಹೈಮಿನಲ್ಲಿದ್ದ ತವರಿಗೆ ಹೊರಟಳು. ನೂರು ಕಿಲೋಮೀಟರಿಗೂ ಮಿಕ್ಕಿದ ದಾರಿ. ನಡುವೆ ಇಂಧನದ ಕೊಳವೆ ಕಟ್ಟಿಕೊಂಡಿತು. ಆಕೆ ಟೋಪಿಗೆ ಸಿಕ್ಕಿಸಿದ್ದ ಪಿನ್ನನ್ನು ತೆಗೆದು ಕೊಳವೆ ಚುಚ್ಚಿ ಬಿಡಿಸಿ, ಸಂಜೆಗೆ ತವರು ಸೇರಿದಳು. ಅದು ಡೀಸೆಲ್ ಗಾಡಿಯಲ್ಲ ನಿಜ, ಆದರೆ ತೊಂದರೆ ಇದೇ!

ಟ್ಯಾಂಕಿನಿಂದ ಇಂಜಿನ್ನಿಗೆ

ಪೆಟ್ರೋಲ್ ಗಾಡಿಯಲ್ಲಿ ಕಿಡಿ ಹೊತ್ತಿಸಲು ಪ್ಲಗ್ ಇರುತ್ತದೆ. ಡೀಸೆಲ್ ಗಾಡಿಯಲ್ಲಿ ಅದಿಲ್ಲ. ಇಂಜಿನ್ನು ಗಾಳಿಯನ್ನೇ ಎಷ್ಟು ಒತ್ತುತ್ತದೆಂದರೆ ಆ ಗಾಳಿ 500 ಡಿಗ್ರಿಗೂ ಹೆಚ್ಚು ಕಾಯುತ್ತದೆ. ಕಾದ ಗಾಳಿಗೆ ಡೀಸೆಲ್ಲನ್ನು ಮಂಜಿನಂತೆ ಚಿಮುಕಿಸಿದರೆ ತಾನೇ ಹೊತ್ತಿಕೊಳ್ಳುತ್ತದೆ. ರುಡಾಲ್ಫ್ ಡೀಸೆಲ್ ಎಂಬ ಇಂಜಿನಿಯರು ಇಂಥ ಇಂಜಿನ್ನನ್ನು 1897ರಲ್ಲಿ ಜರ್ಮನಿಯ ಆಗ್ಸ್‌ಬರ್ಗಿನಲ್ಲಿ ನಡೆಸಿ ತೋರಿಸಿದ. 1900ರ ಪ್ಯಾರಿಸ್ ಪ್ರದರ್ಶನದಲ್ಲಿ ಒಂದು ಡೀಸೆಲ್ ಇಂಜಿನ್ ಓಡಿದ್ದು ಯಾವುದರಿಂದ ಗೊತ್ತೇ? ನಮ್ಮ ಕಡೆಯ ಹೊಲಗಳಲ್ಲಿ ಬೆಳೆಯುವ ಶೇಂಗಾದ ಎಣ್ಣೆಯಿಂದ! (ಹಾಗೆಂದು ಒಗ್ಗರಣೆ ಎಣ್ಣೆಯನ್ನು ಇಂದಿನ ಕಾರಿಗೆ ಸುರಿಯಬೇಡಿ. ಇಂದಿನ ಇಂಜಿನ್ನು ಅದನ್ನು ತಾಳದು.)

ಡೀಸೆಲ್ಲನ್ನು ಮಂಜಿನಂತೆ ಚಿಮುಕಿಸುವ ತುಂಡಿಗೆ ಇಂಜೆಕ್ಟರ್ ಎನ್ನುತ್ತಾರೆ. ಅದರ ಮೂತಿಯ ತೂತುಗಳು ಕಣ್ಣಿಗೆ ಕಾಣದಷ್ಟು ಸಣ್ಣವು. ನಮ್ಮ ಪ್ರೆಷರ್ ಕುಕ್ಕರಿನೊಳಗೆ ಸೀಟಿ ಹೊಡೆಯುವ ಹೊತ್ತಿಗೆ ಇರುವ ಒತ್ತಡ ಚದರ ಸೆಂಟಿಮೀಟರಿಗೆ ಸುಮಾರು ಒಂದು ಕಿಲೋ. ಇಂದಿನ ಕಾಮನ್ ರೈಲ್ ಎಂಬ ಬಗೆಯ ಡೀಸೆಲ್ ಕಾರಿನಲ್ಲಿ ಇಂಜೆಕ್ಟರಿಗೆ ಹೋಗುವ ಡೀಸೆಲ್ಲಿನ ಒತ್ತಡ 1,300ರಿಂದ 2,000 ಕಿಲೋವರೆಗೆ ಏರುತ್ತದೆ. ಅಷ್ಟು ಒತ್ತಡದಲ್ಲಿ ಒಂದು ಮಣ್ಣಿನ ಕಣ ನುಗ್ಗಿದರೆ ಮರಳು ಕಾಗದ ಉಜ್ಜಿದ ಹಾಗೆ ಪಂಪು, ಇಂಜೆಕ್ಟರು ಎರಡನ್ನೂ ತಿನ್ನುತ್ತದೆ.

ಆದ್ದರಿಂದ ಟ್ಯಾಂಕಿಗೂ ಪಂಪಿಗೂ ನಡುವೆ ಒಂದು ಡಬ್ಬಿ ಕೂರಿಸಿರುತ್ತಾರೆ. ಅದರೊಳಗೆ ಸೀರೆಯ ನೆರಿಗೆಯಂತೆ ಮಡಿಚಿದ ವಿಶೇಷ ಕಾಗದ. ಇದೇ ಡೀಸೆಲ್ ಫಿಲ್ಟರ್. ನಮ್ಮ ತಲೆಗೂದಲಿನ ದಪ್ಪ ಸುಮಾರು 70 ಮೈಕ್ರಾನ್. ಈ ಕಾಗದ ಐದು ಮೈಕ್ರಾನಿನಷ್ಟು ಸಣ್ಣ ಕಣವನ್ನೂ ಹಿಡಿಯುತ್ತದೆ. ಡಬ್ಬಿಯ ತಳದಲ್ಲಿ ನೀರು ನಿಲ್ಲುವ ಜಾಗ, ಅದನ್ನು ಬಿಡಲು ಒಂದು ತಿರುಪು. ಡೀಸೆಲ್ಲಿಗಿಂತ ನೀರು ಭಾರ. ಹಾಗಾಗಿ ಮಜ್ಜಿಗೆಯ ತಿಳಿ ಮೇಲೆ ನಿಂತು ಗಟ್ಟಿ ಕೆಳಗಿಳಿಯುವಂತೆ, ಇಲ್ಲಿ ಡೀಸೆಲ್ ಮೇಲೆ, ನೀರು ಕೆಳಗೆ.

ನೀರು ಬಂದದ್ದೆಲ್ಲಿಂದ?

"ಬಂಕಿನವರೇ ನೀರು ಬೆರೆಸಿದ್ದಾರೆ" ಎಂದು ಮೊದಲೇ ದೂರಬೇಕಾಗಿಲ್ಲ. ಟ್ಯಾಂಕು ಅರೆಬರೆ ತುಂಬಿದ್ದರೆ ಮೇಲೆ ಗಾಳಿ ಇರುತ್ತದೆ. ಹಗಲು ಕಾದು ರಾತ್ರಿ ತಣ್ಣಗಾದಾಗ ಆ ಗಾಳಿಯ ತೇವ ಟ್ಯಾಂಕಿನ ಗೋಡೆಗೆ ಹನಿಗಟ್ಟಿ ಕೆಳಗಿಳಿಯುತ್ತದೆ. ಸಾರಿನ ಪಾತ್ರೆಯ ಮುಚ್ಚಳದಡಿ ನಿಲ್ಲುವ ಹನಿಯ ಹಾಗೆ. ಮಳೆಗಾಲದಲ್ಲಿ ವಾರಗಟ್ಟಲೆ ಗಾಡಿ ನಿಲ್ಲಿಸಿಡುವವರು ಟ್ಯಾಂಕನ್ನು ಸಾಧ್ಯವಾದಷ್ಟು ತುಂಬಿಸಿಡುವುದು ಲೇಸು.

ನಮ್ಮ ಕಡೆ ಇನ್ನೊಂದು ದೊಡ್ಡ ಕಾರಣವಿದೆ. ಟ್ರ್ಯಾಕ್ಟರಿಗೋ ಪಂಪ್‌ಸೆಟ್ಟಿಗೋ ಎಂದು ಕ್ಯಾನಿನಲ್ಲಿ ತಂದಿಟ್ಟ ಡೀಸೆಲ್ಲನ್ನು ಅವಸರಕ್ಕೆ ಕಾರಿಗೂ ಸುರಿಯುತ್ತೇವೆ. ಆ ಕ್ಯಾನು ಕಣದಲ್ಲಿ ನಿಂತಿರುತ್ತದೆ, ಮುಚ್ಚಳ ಸಡಿಲ, ಮೇಲೆ ಎರೆಮಣ್ಣಿನ ಧೂಳು. ಲಾಳಿಕೆಯನ್ನು ಸೆರಗಿನ ತುದಿಯಿಂದ ಒರೆಸಿ ಸುರಿದರೆ ಒಂದು ಚಮಚ ಮಣ್ಣು ಒಳಗೆ ಹೋಯಿತೆಂದೇ ತಿಳಿಯಿರಿ. ಕಾರಿಗೆ ಬಂಕಿನಿಂದಲೇ ಹಾಕಿಸಿ. ಅನುಮಾನ ಬಂದರೆ ಬಂಕಿನಲ್ಲಿ ಡೀಸೆಲ್ಲಿನ ಸಾಂದ್ರತೆ ತೋರಿಸಿ ಎಂದು, ಐದು ಲೀಟರಿನ ಅಳತೆ ಪಾತ್ರೆಯಲ್ಲಿ ಅಳೆದು ತೋರಿಸಿ ಎಂದು ಕೇಳುವ ಹಕ್ಕು ಗಿರಾಕಿಗೆ ಇದೆ. ಕೇಳಲು ನಾಚಿಕೆ ಏಕೆ? ದುಡ್ಡು ನಮ್ಮದಲ್ಲವೇ?

ಗಾಡಿ ಕೊಡುವ ಸೂಚನೆ

ಫಿಲ್ಟರ್ ಕಟ್ಟಿಕೊಳ್ಳುತ್ತಿದೆ ಎನ್ನಲು ಗಾಡಿಯೇ ಮೊದಲೇ ಹೇಳುತ್ತದೆ. ಬೆಳಿಗ್ಗೆ ಬಹಳ ಹೊತ್ತು ಸೆಲ್ಫ್ ಹೊಡೆದ ಮೇಲೆ ಸ್ಟಾರ್ಟ್ ಆಗುವುದು, ಸಪಾಟು ರಸ್ತೆಯಲ್ಲಿ ಚೆನ್ನಾಗಿ ಓಡಿ ಏರು ಬಂದಾಗ ಏದುಸಿರು ಬಿಡುವುದು, ಜನ ತುಂಬಿದಾಗ ಜಗ್ಗಿ ಜಗ್ಗಿ ಹೋಗುವುದು, ನಿಂತಲ್ಲೇ ಆಫ್ ಆಗುವುದು - ಇವು ಲಕ್ಷಣಗಳು. ಕೆಲವು ಕಾರುಗಳಲ್ಲಿ ಫಿಲ್ಟರಿನೊಳಗೆ ನೀರು ಹೆಚ್ಚಿದರೆ ಮೀಟರಿನಲ್ಲಿ ಹನಿಯ ಗುರುತಿನ ಒಂದು ದೀಪ ಹತ್ತುತ್ತದೆ. ಅದು ಹತ್ತಿದರೆ "ನಾಳೆ ನೋಡೋಣ" ಎನ್ನಬಾರದು, ಅಂದೇ ನೀರು ಬಿಡಬೇಕು.

ಆದರೆ ಈ ಲಕ್ಷಣಗಳಿಗೆಲ್ಲ ಫಿಲ್ಟರೊಂದೇ ಕಾರಣವಲ್ಲ. ಬ್ಯಾಟರಿ ಸೋತಿರಬಹುದು, ಗಾಳಿಯ ಫಿಲ್ಟರ್ ಧೂಳು ಹಿಡಿದಿರಬಹುದು. ಗಾಡಿ ಎಷ್ಟು ಓಡಿದೆ, ಫಿಲ್ಟರ್ ಹಾಕಿ ಎಷ್ಟು ದಿನವಾಯಿತು ಎಂದು ಮೊದಲು ಲೆಕ್ಕ ನೋಡಿ. ಸಾಮಾನ್ಯವಾಗಿ 20,000ದಿಂದ 40,000 ಕಿಲೋಮೀಟರಿನೊಳಗೆ ಬದಲಿಸಬೇಕೆಂದು ಗಾಡಿಯ ಜೊತೆ ಬರುವ ಪುಸ್ತಕದಲ್ಲಿ ಬರೆದಿರುತ್ತದೆ. ನಿಮ್ಮ ಗಾಡಿಗೆ ನಿಮ್ಮ ಪುಸ್ತಕದ ಮಾತೇ ವೇದವಾಕ್ಯ. ಧೂಳಿನ ದಾರಿಯಲ್ಲೇ ಓಡುವ ಗಾಡಿಯಾದರೆ ಸ್ವಲ್ಪ ಮುಂಚೆಯೇ ಬದಲಿಸಿ.

ಯಾವ ಗಾಡಿಗೆ ಕೈ ಹಾಕಬಹುದು?

ಎಲ್ಲ ಗಾಡಿಯೂ ಒಂದೇ ಅಲ್ಲ. ಹಳೆಯ ಜೀಪು, ಹಳೆಯ ಸುಮೊ, ಇಂಡಿಕಾ - ಇಂಥವಕ್ಕೆ ಫಿಲ್ಟರ್ ಬದಲಿಸುವುದು ಸುಲಭ. ಕೈಯಿಂದ ಒತ್ತುವ ಚಿಕ್ಕ ಪಂಪೂ ಅಲ್ಲೇ ಇರುತ್ತದೆ. ಕಾಮನ್ ರೈಲ್ ಬಗೆಯ ಸ್ವಿಫ್ಟ್, ಡಿಜೈರ್‌ಗಳಂಥ ಕಾರುಗಳಲ್ಲೂ ತಾಳ್ಮೆಯಿದ್ದರೆ ಮಾಡಬಹುದು. (ಮಾರುತಿಯವರು 2020ರಲ್ಲಿ ಡೀಸೆಲ್ ಕಾರು ತಯಾರಿಸುವುದನ್ನು ನಿಲ್ಲಿಸಿದರು. ಆದರೆ ಅದಕ್ಕೂ ಮುಂಚಿನವು ನಮ್ಮ ಊರುಗಳಲ್ಲಿ ಇನ್ನೂ ಓಡುತ್ತಲೇ ಇವೆ.) 2020ರ ಏಪ್ರಿಲ್ ನಂತರ ಬಂದ ಬಿ.ಎಸ್. 6 ಗಾಡಿಗಳು ಹೆಚ್ಚು ಸೂಕ್ಷ್ಮ. ಕೆಲವಕ್ಕೆ ಕಂಪ್ಯೂಟರ್ ಜೋಡಿಸಿ ಗಾಳಿ ತೆಗೆಯಬೇಕಾಗುತ್ತದೆ. ವಾರಂಟಿ ಇರುವ ಹೊಸ ಗಾಡಿಗೆ ಮನೆಯಲ್ಲಿ ಕೈ ಹಾಕಬೇಡಿ, ಕಂಪನಿ ಸರ್ವಿಸ್ಸಿಗೇ ಬಿಡಿ. ಫಿಲ್ಟರ್ ಬಾನೆಟ್ಟಿನಡಿ ಕೈಗೆಟುಕುವಲ್ಲಿ ಇದ್ದರೆ ಸರಿ. ಗಾಡಿಯ ಕೆಳಗೆ ಮಲಗಿ ಮಾಡಬೇಕಾದ ಜಾಗದಲ್ಲಿದ್ದರೆ, ಜಾಕ್ ಒಂದರ ಮೇಲೆ ನಿಂತ ಗಾಡಿಯ ಕೆಳಗೆ ದಯವಿಟ್ಟು ಯಾರೂ ನುಸುಳಬೇಡಿ. ಆ ಕೆಲಸ ಗ್ಯಾರೇಜಿನದು.

ಅಂಗಡಿಯಲ್ಲಿ

ಸ್ಪೇರ್ ಪಾರ್ಟ್ಸ್ ಅಂಗಡಿಗೆ ಹೆಂಗಸರು ಹೋದರೆ ಮಾತು ಹೀಗೆ ಶುರುವಾಗುವುದುಂಟು:

"ಏನ್ ಬೇಕಿತ್ರಿ ಅಕ್ಕಾರ? ಅಣ್ಣಾರನ್ನ ಕಳಸ್ರಿ, ನಾ ಕೊಡ್ತೀನಿ."

"ಅಣ್ಣಾರು ಹೊಲಕ್ಕ ಹೋಗ್ಯಾರ ತಮ್ಮಾ. ನನಗ ಕೊಡು. ಡೀಸೆಲ್ ಫಿಲ್ಟರ್ ಬೇಕು. ತಗೋ, ಗಾಡಿ ಪುಸ್ತಕದಾಗಿನ ನಂಬರ್ ಇದು, ಹಳೆ ಡಬ್ಬಿ ಮ್ಯಾಲಿನ ನಂಬರೂ ಬರಕೊಂಡು ಬಂದೀನಿ."

"ಓಹೋ! ಹಂಗಾರ ಒಳಗ ಬರ್ರಿ, ಕುಂದರ್ರಿ."

ನಂಬರಿಗೆ ಇಷ್ಟು ಬೆಲೆಯಿದೆ! ಗಾಡಿಯ ಹೆಸರು, ಯಾವ ವರ್ಷದ್ದು, ಪಾರ್ಟ್ ನಂಬರ್ - ಮೂರನ್ನೂ ಚೀಟಿಯಲ್ಲಿ ಬರೆದೊಯ್ಯಿರಿ. ಒಂದೇ ಹೆಸರಿನ ಗಾಡಿಗೂ ವರ್ಷ ಬದಲಾದರೆ ಫಿಲ್ಟರ್ ಬೇರೆ ಇರುತ್ತದೆ. ಪೊಟ್ಟಣದ ಸೀಲು, ಮುದ್ರಣ, ರಬ್ಬರ್ ರಿಂಗು ನೋಡಿ. ಬಿಲ್ಲು ಕೇಳಿ ಪಡೆಯಿರಿ. ನೂರು ರೂಪಾಯಿ ಉಳಿಯಿತೆಂದು ಹೆಸರಿಲ್ಲದ ಡಬ್ಬಿ ತಂದರೆ ಅದರ ಕಾಗದ ನಾಲ್ಕೇ ತಿಂಗಳಲ್ಲಿ ಹರಿದು ಕಸವನ್ನು ಒಳಗೆ ಬಿಡಬಹುದು. ಫಿಲ್ಟರಿನ ಬೆಲೆ ಹಳೆಯ ಗಾಡಿಗಳಿಗೆ ಕೆಲವು ನೂರು ರೂಪಾಯಿ, ಹೊಸವಕ್ಕೆ ಸಾವಿರದ ಮೇಲೂ ಆಗುತ್ತದೆ. ಕೆಟ್ಟ ಇಂಜೆಕ್ಟರ್ ಬದಲಿಸುವುದಾದರೆ ಒಂದೊಂದಕ್ಕೂ ಸಾವಿರಗಟ್ಟಲೆ. ಲೆಕ್ಕ ನೀವೇ ಹಾಕಿ.

ಬೇಕಾಗುವ ಸಾಮಾನು

ಹೊಸ ಫಿಲ್ಟರ್ ಮತ್ತು ಅದರ ರಬ್ಬರ್ ರಿಂಗು, ಅಳತೆಗೆ ತಕ್ಕ ಸ್ಪ್ಯಾನರ್ (ನಮ್ಮ ಮೆಕ್ಯಾನಿಕ್ಕರ ಬಾಯಲ್ಲಿ ಪಾನಾ), ಒಂದು ಸ್ಕ್ರೂ ಡ್ರೈವರ್, ಇಕ್ಕಳ, ನೂಲು ಬಿಡದ ಹಳೆಯ ಕಾಟನ್ ಬಟ್ಟೆ, ಅಗಲ ಬಾಯಿಯ ಹಳೆಯ ತಗಡಿನ ಡಬ್ಬ, ಪಾರದರ್ಶಕವಾದ ಗಾಜಿನ ಬಾಟಲಿ ಒಂದು, ರಬ್ಬರ್ ಕೈಚೀಲ, ಟಾರ್ಚು. ಡೀಸೆಲ್ ಹಿಡಿದ ಡಬ್ಬ, ಬಾಟಲಿ ಮತ್ತೆ ಅಡುಗೆಮನೆಗೆ ಬರಬಾರದು. ತೊಳೆದರೂ ಬೇಡ.

ಮೊದಲ ಎಚ್ಚರ

ನಮ್ಮ ದೇಶದ ಮಾನದಂಡದಂತೆ ಡೀಸೆಲ್ಲಿನ ಆವಿ ಕಿಡಿಗೆ ಹತ್ತಿಕೊಳ್ಳುವ ಉಷ್ಣತೆ ಕನಿಷ್ಠ 35 ಡಿಗ್ರಿ ಇರಬೇಕು. ಬೇಸಿಗೆಯಲ್ಲಿ ಕೂಡ್ಲಿಗಿಯ ಮಧ್ಯಾಹ್ನ ಅದಕ್ಕಿಂತ ಹೆಚ್ಚು ಕಾಯುತ್ತದೆ. "ಡೀಸೆಲ್ ಪೆಟ್ರೋಲಿನಂತೆ ಹತ್ತೋದಿಲ್ಲ" ಎಂಬ ಧೈರ್ಯ ಚೈತ್ರ ವೈಶಾಖದಲ್ಲಿ ಬೇಡ. ಬೆಳಗಿನ ತಂಪಿನಲ್ಲಿ, ನೆರಳಿನಲ್ಲಿ, ಗಾಳಿಯಾಡುವ ಅಂಗಳದಲ್ಲಿ ಮಾಡಿ. ಹತ್ತಿರ ಒಲೆ, ಊದುಬತ್ತಿ, ದೀಪ ಇರಬಾರದು. ಸಲಹೆ ಕೊಡಲು ಬಂದು ನಿಂತು ಬೀಡಿ ಸೇದುವ ಮಾವನವರನ್ನು ಗೌರವದಿಂದಲೇ ಕಟ್ಟೆಗೆ ಕಳಿಸಿ!

ಸೆರಗು ಬಿಗಿಯಾಗಿ ಸಿಕ್ಕಿಸಿ, ಜಡೆ ಮೇಲಕ್ಕೆ ಕಟ್ಟಿ, ತಾಳಿಸರ ಒಳಗೆ ಹಾಕಿಕೊಳ್ಳಿ, ಬಳೆ ಉಂಗುರ ತೆಗೆದಿಡಿ. ರೇಡಿಯೇಟರ್ ಫ್ಯಾನು ಕೆಲವು ಕಾರುಗಳಲ್ಲಿ ಇಂಜಿನ್ ನಿಂತ ಮೇಲೂ ತಾನಾಗಿ ತಿರುಗುತ್ತದೆ. ಮಕ್ಕಳನ್ನು ದೂರವಿಡಿ.

ಮಾಡುವ ವಿಧಾನ

1. ಗಾಡಿಯನ್ನು ಸಮತಟ್ಟಾದ ಜಾಗದಲ್ಲಿ ನಿಲ್ಲಿಸಿ, ಹ್ಯಾಂಡ್ ಬ್ರೇಕ್ ಹಾಕಿ, ಗಾಲಿಗೆ ಕಲ್ಲು ಕೊಡಿ. ಕೀಲಿ ತೆಗೆದು ನಿಮ್ಮ ಹತ್ತಿರವೇ ಇಟ್ಟುಕೊಳ್ಳಿ. ಇಂಜಿನ್ ಪೂರ್ತಿ ತಣ್ಣಗಾಗಲಿ. ಒಳಗಿನ ಒತ್ತಡ ಇಳಿಯುವುದಕ್ಕೂ ಈ ಬಿಡುವು ಬೇಕು. ಬ್ಯಾಟರಿಯ ಮೈನಸ್ ತಂತಿ ಬಿಚ್ಚಿ ಪಕ್ಕಕ್ಕಿಡಿ.

2. ಮೊಬೈಲಿನಲ್ಲಿ ಫಿಲ್ಟರಿನ ಸುತ್ತಲ ಫೋಟೋ ನಾಲ್ಕಾರು ತೆಗೆದುಕೊಳ್ಳಿ. ಯಾವ ಪೈಪು ಎಲ್ಲಿತ್ತು ಎಂಬ ತಕರಾರು ಆಮೇಲೆ ಬರುವುದಿಲ್ಲ. ಡಬ್ಬಿಯ ಮೇಲೆ ಬಾಣದ ಗುರುತಿದ್ದರೆ ನೋಡಿಟ್ಟುಕೊಳ್ಳಿ. ಟ್ಯಾಂಕಿನಿಂದ ಬರುವ ಪೈಪಿಗೆ ಬಣ್ಣದ ದಾರ ಕಟ್ಟಿದರೆ ಇನ್ನೂ ಒಳ್ಳೆಯದು.

3. ಬಿಚ್ಚುವ ಮೊದಲು ಡಬ್ಬಿಯ ಸುತ್ತ, ಪೈಪಿನ ಬುಡದಲ್ಲಿ ಕುಳಿತ ಧೂಳನ್ನು ಬಟ್ಟೆಯಿಂದ ಚೆನ್ನಾಗಿ ಒರೆಸಿ. ಈ ಕೆಲಸ ಬಿಟ್ಟರೆ ಉಳಿದದ್ದೆಲ್ಲ ವ್ಯರ್ಥ. ಹೊರಗಿನ ಮಣ್ಣನ್ನು ನಾವೇ ಒಳಗೆ ಹಾಕಿದಂತಾಗುತ್ತದೆ. ಕೆಳಗಿರುವ ರಬ್ಬರ್ ಬೆಲ್ಟು, ಡೈನಮೊ ಇವುಗಳ ಮೇಲೆ ಡೀಸೆಲ್ ಬೀಳದಂತೆ ಬಟ್ಟೆ ಹಾಸಿ.

4. ತಗಡಿನ ಡಬ್ಬ ಕೆಳಗಿಟ್ಟು ಫಿಲ್ಟರಿನ ತಳದ ತಿರುಪು ಸಡಿಲಿಸಿ. ಬಂದ ಡೀಸೆಲ್ಲಿನಲ್ಲಿ ಸ್ವಲ್ಪವನ್ನು ಗಾಜಿನ ಬಾಟಲಿಗೆ ಬಗ್ಗಿಸಿ ಅರ್ಧ ಗಂಟೆ ಅಲುಗಿಸದೆ ಇಡಿ. ತಳದಲ್ಲಿ ಬೇರೆಯಾಗಿ ನಿಂತದ್ದು ನೀರು. ಬೆರಳಗಲ ನೀರು ಕಂಡರೆ ಟ್ಯಾಂಕನ್ನೇ ತೊಳೆಸಬೇಕಾದೀತು, ಮೆಕ್ಯಾನಿಕ್ಕನಿಗೆ ಆ ಬಾಟಲಿ ತೋರಿಸಿ.

5. ನೀರಿನ ಸೆನ್ಸರ್ ಇದ್ದರೆ ಅದರ ವೈರಿನ ಪ್ಲಗ್ಗನ್ನು ಲಾಕ್ ಒತ್ತಿ ತೆಗೆಯಿರಿ. ಪೈಪುಗಳ ಕ್ಲಿಪ್ಪು ಬಿಡಿಸಿ ಮೆಲ್ಲಗೆ ತಿರುಗಿಸುತ್ತ ಎಳೆಯಿರಿ. ಪ್ಲಾಸ್ಟಿಕ್ ಕ್ಲಿಪ್ಪು ಬಹಳ ನಾಜೂಕು, ಬಲ ಹಾಕಿದರೆ ಮುರಿಯುತ್ತದೆ. ಬಿಚ್ಚಿದ ಪೈಪಿನ ಬಾಯಿಗೆ ಶುಭ್ರವಾದ ಪಾಲಿಥೀನ್ ತುಂಡು ಸುತ್ತಿ ರಬ್ಬರ್ ಬ್ಯಾಂಡ್ ಹಾಕಿ.

6. ಹಳೆಯ ಡಬ್ಬಿಯನ್ನು ಎಡಕ್ಕೆ ತಿರುಗಿಸಿ ಬಿಚ್ಚಿ. ಹಳೆಯ ರಬ್ಬರ್ ರಿಂಗು ಮೇಲೆಯೇ ಅಂಟಿಕೊಂಡು ಉಳಿದಿದೆಯೇ ಎಂದು ಬೆರಳಾಡಿಸಿ ನೋಡಿ. ಅದರ ಮೇಲೆಯೇ ಹೊಸದು ಕೂತರೆ ಡೀಸೆಲ್ ಸೋರುತ್ತದೆ. ಸೆನ್ಸರ್ ಹೊಸದಕ್ಕೂ ಬೇಕಾದದ್ದಾದರೆ ಹಳೆಯದರಿಂದ ಬಿಚ್ಚಿ ಹೊಸ ರಿಂಗಿನೊಡನೆ ಕೂರಿಸಿ.

7. ಹೊಸ ಫಿಲ್ಟರಿನ ರಿಂಗಿಗೆ ಶುಭ್ರವಾದ ಡೀಸೆಲ್ ಒಂದು ಹನಿ ಸವರಿ. ಕೈಯಿಂದಲೇ ತಿರುಗಿಸಿ. ರಿಂಗು ತಾಗಿದ ಮೇಲೆ ಡಬ್ಬಿಯ ಮೇಲೆ ಬರೆದಷ್ಟೇ, ಸಾಮಾನ್ಯವಾಗಿ ಅರ್ಧದಿಂದ ಮುಕ್ಕಾಲು ಸುತ್ತು, ಬಿಗಿ ಮಾಡಿ. ಪಾನಾ ಹಾಕಿ ಹಿಂಡಬೇಡಿ. ಉಪ್ಪಿನಕಾಯಿ ಭರಣಿಯ ಮುಚ್ಚಳ ತೀರ ಬಿಗಿದರೆ ಸೀಳುತ್ತದಲ್ಲ, ಇದೂ ಹಾಗೆ. ಕಾರಿನ ಪುಸ್ತಕ ಹೇಳದ ಹೊರತು ಹೊಸ ಫಿಲ್ಟರಿನೊಳಗೆ ಡೀಸೆಲ್ ಸುರಿದು ತುಂಬಬೇಡಿ. ನಡುವಿನ ದೊಡ್ಡ ತೂತಿಗೆ ಸುರಿದದ್ದು ಸೋಸದೆಯೇ ನೇರ ಪಂಪಿಗೆ ಹೋಗುತ್ತದೆ!

8. ತಳದ ತಿರುಪು ಮುಚ್ಚಿದೆಯೇ ನೋಡಿ. ಫೋಟೋ ನೋಡಿಕೊಂಡು ಪೈಪು, ಕ್ಲಿಪ್ಪು, ವೈರು ಜೋಡಿಸಿ. ಬಾಣದ ಗುರುತು ಇಂಜಿನ್ನಿನ ಕಡೆ ಇರಲಿ. ಬ್ಯಾಟರಿ ತಂತಿ ಮತ್ತೆ ಹಾಕಿ.

ಗಾಳಿ ತೆಗೆಯುವುದು

ಕೆಲಸ ಮುಗಿಯಿತೆಂದು ಸೆಲ್ಫ್ ಹೊಡೆದರೆ ಗಾಡಿ ಸ್ಟಾರ್ಟ್ ಆಗದೆ ಇರಬಹುದು. ಗಾಬರಿ ಬೇಡ. ಖಾಲಿ ಡಬ್ಬಿಯೊಳಗೆ ಗಾಳಿ ತುಂಬಿದೆ. "ಏರ್ ತಗೊಂಡೈತಿ" ಎನ್ನುತ್ತಾರಲ್ಲ, ಅದು ಇದೇ.

ಕೈಪಂಪು ಇರುವ ಗಾಡಿಯಲ್ಲಿ ಫಿಲ್ಟರಿನ ಮೇಲಿನ ಗಾಳಿಯ ತಿರುಪನ್ನು ಸ್ವಲ್ಪ ಸಡಿಲಿಸಿ, ಬಟ್ಟೆ ಹಿಡಿದು, ಕೈಪಂಪನ್ನು ಒತ್ತುತ್ತ ಹೋಗಿ. ಮೊದಲು ನೊರೆ ನೊರೆಯಾಗಿ ಬರುತ್ತದೆ. ಆಮೇಲೆ ಗುಳ್ಳೆಯಿಲ್ಲದ ತಿಳಿ ಡೀಸೆಲ್ ಬಂದಾಗ ತಿರುಪು ಬಿಗಿ ಮಾಡಿ. ಪಂಪು ಗಟ್ಟಿಯಾಗುವವರೆಗೆ ಮತ್ತೆ ಒತ್ತಿ. ಟ್ಯಾಂಕಿನಲ್ಲಿ ವಿದ್ಯುತ್ ಪಂಪು ಇರುವ ಕಾರುಗಳಲ್ಲಿ ಸ್ಟಾರ್ಟ್ ಮಾಡದೆ ಕೀಲಿಯನ್ನು ಆನ್ ಮಾಡಿ ಕೆಲವು ಸೆಕೆಂಡು ಬಿಟ್ಟು ಆಫ್ ಮಾಡಿ. ಹೀಗೆ ನಾಲ್ಕೈದು ಸಲ ಮಾಡಿದರೆ ಡಬ್ಬಿ ತುಂಬುತ್ತದೆ.

ಈಗ ಸೆಲ್ಫ್ ಹೊಡೆಯಿರಿ, ಒಂದು ಸಲಕ್ಕೆ ಹತ್ತು ಸೆಕೆಂಡು ಮೀರಬೇಡಿ. ಅರ್ಧ ನಿಮಿಷ ಬಿಡುವು ಕೊಟ್ಟು ಮತ್ತೊಮ್ಮೆ. ಸ್ಟಾರ್ಟ್ ಆದ ಮೇಲೆ ಸ್ವಲ್ಪ ಹೊತ್ತು ಕುಂಟಿ ಆಮೇಲೆ ಸರಿಯಾಗುತ್ತದೆ. ಟಾರ್ಚ್ ಹಿಡಿದು ಎಲ್ಲಾದರೂ ಒದ್ದೆಯಿದೆಯೇ ನೋಡಿ, ಕೈಯಿಂದ ತಡವಬೇಡಿ. ಊರೊಳಗೆ ಒಂದು ಸುತ್ತು ಹೋಗಿ ಬಂದು ಇನ್ನೊಮ್ಮೆ ನೋಡಿ. ನಾಲ್ಕು ಸಲ ಹೊಡೆದರೂ ಹಿಡಿಯದಿದ್ದರೆ ಪೈಪಿನ ಕ್ಲಿಪ್ಪು ಸಡಿಲವಿದ್ದು ಗಾಳಿ ಎಳೆಯುತ್ತಿರಬಹುದು. ಅದನ್ನು ನೋಡಿಯೂ ಆಗದಿದ್ದರೆ ಬ್ಯಾಟರಿ ಸಾಯಿಸದೆ ಮೆಕ್ಯಾನಿಕ್ಕನನ್ನು ಕರೆಸಿ. ಈ ಕಾರಣಕ್ಕೇ, ಗಾಡಿ ತುರ್ತಾಗಿ ಬೇಕಾದ ದಿನ ಅಥವಾ ಜಾತ್ರೆಯ ಹಿಂದಿನ ದಿನ ಈ ಕೆಲಸಕ್ಕೆ ಕೈ ಹಾಕಬೇಡಿ. ಕೊಟ್ಟೂರೇಶ್ವರನ ತೇರು, ಮೈಲಾರದ ಕಾರ್ಣಿಕದ ಹೊತ್ತಿನಲ್ಲಿ ಮೆಕ್ಯಾನಿಕ್ಕರೂ ತೇರಿಗೇ ಹೋಗಿರುತ್ತಾರೆ!

ಎಂದೂ ಮಾಡಬಾರದ ಮೂರು ಕೆಲಸ

ಒಂದು: ಪಂಪಿನಿಂದ ಇಂಜೆಕ್ಟರಿಗೆ ಹೋಗುವ ಉಕ್ಕಿನ ಸಣ್ಣ ಪೈಪುಗಳನ್ನು ಮುಟ್ಟಬೇಡಿ, ಸಡಿಲಿಸಬೇಡಿ. ಅಲ್ಲಿಂದ ಚಿಮ್ಮುವ ಡೀಸೆಲ್ ಸೂಜಿಯಂತೆ ಚರ್ಮದೊಳಗೆ ಹೊಕ್ಕುತ್ತದೆ. ಹೊರಗೆ ಮುಳ್ಳು ಚುಚ್ಚಿದಷ್ಟೇ ಗುರುತು, ಒಳಗೆ ಬೆರಳೇ ಕೊಳೆಯಬಹುದು. ಹಾಗಾದರೆ ಅರಿಸಿನ ಹಚ್ಚಿ ಕೂರದೆ ತಕ್ಷಣ ದೊಡ್ಡಾಸ್ಪತ್ರೆಗೆ ಹೋಗಿ, ಡೀಸೆಲ್ ಒತ್ತಡದಲ್ಲಿ ಹೊಕ್ಕಿದೆ ಎಂದು ವೈದ್ಯರಿಗೆ ಹೇಳಿ.

ಎರಡು: ಪೈಪಿಗೆ ಬಾಯಿ ಹಚ್ಚಿ ಡೀಸೆಲ್ ಎಳೆಯಬೇಡಿ. ನಮ್ಮ ಕಡೆ ಹುಡುಗರಿಗೆ ಇದೊಂದು ಚಟ. ಒಂದು ಗುಟುಕು ಶ್ವಾಸಕೋಶಕ್ಕೆ ಇಳಿದರೆ ಪ್ರಾಣಕ್ಕೇ ಸಂಚಕಾರ.

ಮೂರು: ಉಳಿದ ಡೀಸೆಲ್ಲನ್ನು ತಂಪು ಪಾನೀಯದ ಬಾಟಲಿಯಲ್ಲಿ ತುಂಬಿಡಬೇಡಿ. ಮಕ್ಕಳು ಶರಬತ್ತೆಂದು ಕುಡಿದಾರು. ಕುಡಿದರೆಂದು ತಿಳಿದರೆ ಉಪ್ಪುನೀರು ಕುಡಿಸಿ ವಾಂತಿ ಮಾಡಿಸಲೇ ಕೂಡದು. ವಾಂತಿಯಾಗುವಾಗ ಅದು ಶ್ವಾಸಕೋಶಕ್ಕೆ ಹೋಗುತ್ತದೆ. ಬಾಟಲಿಯ ಸಮೇತ ಮಗುವನ್ನು ಆಸ್ಪತ್ರೆಗೆ ಒಯ್ಯಿರಿ.

ಕೈ, ಬಟ್ಟೆ, ಅಂಗಳ

ಕೈಗೆ ಹತ್ತಿದ ಡೀಸೆಲ್ಲನ್ನು ಮೊದಲು ಒಣ ಬಟ್ಟೆಯಿಂದ ಒರೆಸಿ, ಆಮೇಲೆ ಸೋಪಿನಿಂದ ಎರಡು ಸಲ ತೊಳೆಯಿರಿ. ವಾಸನೆಗೆ ನಿಂಬೆ ಸಿಪ್ಪೆ ತಿಕ್ಕಿದರೆ ಸಾಕು. ಡೀಸೆಲ್ ಬಿದ್ದ ಸೀರೆಯನ್ನು ವಾಷಿಂಗ್ ಮಷೀನಿಗೆ ಹಾಕಬೇಡಿ. ಹೊರಗೆ ಗಾಳಿಯಲ್ಲಿ ಹರವಿ, ವಾಸನೆ ಹೋದ ಮೇಲೆ ಬೇರೆಯಾಗಿ ಸೋಪಿನ ಪುಡಿಯಲ್ಲಿ ನೆನೆಸಿ ಕೈಯಿಂದ ಒಗೆಯಿರಿ. ಅಂಗಳಕ್ಕೆ ಬಿದ್ದದ್ದಕ್ಕೆ ಒಣ ಮಣ್ಣು ಅಥವಾ ಮರದ ಹೊಟ್ಟು ಹಾಕಿ ಹೀರಿಸಿ. ನೀರು ಹೊಯ್ದರೆ ಚರಂಡಿ ಪಾಲಾಗಿ ಕೊನೆಗೆ ನೀರಿಗೇ ಸೇರುತ್ತದೆ.

ಹಳೆಯ ಫಿಲ್ಟರು, ಒರೆಸಿದ ಅರಿವೆ - ಇವನ್ನು ಬಚ್ಚಲ ಹಂಡೆಯ ಒಲೆಗೆ ಹಾಕುವುದು ಬಲು ಅಪಾಯ. ಭಗ್ಗನೆ ಹತ್ತಿ ಮುಖಕ್ಕೇ ಬರುತ್ತದೆ. ಮುಚ್ಚಳವಿರುವ ಡಬ್ಬಿಯಲ್ಲಿ ಹಾಕಿ, ಬಿಟ್ಟ ಡೀಸೆಲ್ ಸಮೇತ, ಹಳೆಯ ಇಂಜಿನ್ ಆಯಿಲ್ ಕೂಡಿಡುವ ಗ್ಯಾರೇಜಿಗೆ ಕೊಡಿ.

ಕೆಲವು ಸಂದೇಹಗಳು

ಹಳೆಯ ಫಿಲ್ಟರನ್ನು ತೊಳೆದು ಮತ್ತೆ ಹಾಕಬಹುದೇ? ಹಿಂದಿನ ಕೆಲವು ಟ್ರ್ಯಾಕ್ಟರುಗಳಲ್ಲಿ ಬಟ್ಟೆಯ ಫಿಲ್ಟರ್ ಇತ್ತು, ತೊಳೆದು ಹಾಕುತ್ತಿದ್ದರು. ಮನೆಯ ಹಿರಿಯರು ಅದನ್ನು ನೆನೆದು "ತೊಳೆದ್ರ ಆತು" ಎನ್ನಬಹುದು. ಕಾಗದದ ಫಿಲ್ಟರಿಗೆ ಆ ಮಾತು ಸಲ್ಲದು. ತೊಳೆದರೆ ಕಾಗದ ಒಡೆದು ಕಸವೆಲ್ಲ ಮುಂದಕ್ಕೆ ಹೋಗುತ್ತದೆ.

ಬರೀ ನೀರು ಬಿಟ್ಟರೆ ಸಾಲದೇ? ನಡುನಡುವೆ ನೀರು ಬಿಡುವುದು ಒಳ್ಳೆಯ ಅಭ್ಯಾಸ, ಮಳೆಗಾಲದಲ್ಲಂತೂ ಬೇಕೇ ಬೇಕು. ಆದರೆ ಕಾಗದದಲ್ಲಿ ಕುಳಿತ ಮಣ್ಣು ಅದರಿಂದ ಹೋಗದು.

ಗ್ಯಾರೇಜಿನಲ್ಲೇ ಮಾಡಿಸುತ್ತೇವೆ, ಇದೆಲ್ಲ ತಿಳಿದೇನು ಫಲ? ಫಲ ಇದೆ. ಪಕ್ಕದಲ್ಲಿ ನಿಂತು "ಹಳೇ ಡಬ್ಬಿ ತೋರಿಸಪ್ಪ, ಹೊಸ ಡಬ್ಬಿ ನಂಬರ್ ನೋಡಾನ" ಎನ್ನುವ ಹೆಣ್ಣುಮಗಳಿಗೆ ಹಾಕದ ಫಿಲ್ಟರಿನ ಬಿಲ್ಲು ಯಾರೂ ಕೊಡುವುದಿಲ್ಲ. ಬಾಡಿಗೆ ಗಾಡಿಯ ಮನೆಗಳಲ್ಲಿ ಗಾಡಿ ಒಂದು ದಿನ ನಿಂತರೆ ಆ ದಿನದ ಒಲೆಗೇ ಪೆಟ್ಟು. ಯಜಮಾನರು ಸ್ಟೀರಿಂಗ್ ಹಿಡಿದು ಊರೂರು ಸುತ್ತುವಾಗ ಕಿಲೋಮೀಟರಿನ ಲೆಕ್ಕವನ್ನು ಮನೆಯಲ್ಲಿ ಒಬ್ಬರಾದರೂ ಇಡಬೇಡವೇ?

ಗ್ಯಾಸ್ ಸಿಲಿಂಡರ್ ಹಚ್ಚಿದ ದಿನವನ್ನು ಕ್ಯಾಲೆಂಡರಿನಲ್ಲಿ ಗುರುತು ಹಾಕುವುದು ನಮ್ಮೆಲ್ಲರ ರೂಢಿ. ಅದೇ ಕ್ಯಾಲೆಂಡರಿನಲ್ಲಿ ಇನ್ನೊಂದು ಸಾಲು ಬರೆಯಿರಿ: ಫಿಲ್ಟರ್ ಹಾಕಿದ ತಾರೀಖು, ಆ ದಿನ ಮೀಟರಿನಲ್ಲಿದ್ದ ಕಿಲೋಮೀಟರು, ಮುಂದೆ ಬದಲಿಸಬೇಕಾದ ಕಿಲೋಮೀಟರು. ಹೊಸ ವರ್ಷದ ಕ್ಯಾಲೆಂಡರ್ ಬಂದಾಗ ಆ ಸಾಲನ್ನು ಮರೆಯದೆ ಅದಕ್ಕೂ ಇಳಿಸಿಕೊಳ್ಳಿ.